ಪಲ್ಯ ಸರಿ, ಬಸ್ಸಾರು ಮಾತ್ರ ಉಪ್ಪು ಉಪ್ಪು. ಎಲ್ಲಿ ತಪ್ಪುತ್ತಿದ್ದೇನೆ?

ಮುಲುಂಡ್ ಮುದ್ದೆ:
ಊರು ಮಂಡ್ಯ ಕಡೆ, ಈಗ ಮುಲುಂಡ್. ಹೆಸರುಕಾಳು, ದಂಟಿನ ಸೊಪ್ಪು ಬೇಯಿಸಿ, ಕಟ್ಟು ಬಸಿದು ಬಸ್ಸಾರು ಮಾಡುತ್ತೇನೆ. ಕಾಳು, ಸೊಪ್ಪು ಪಲ್ಯಕ್ಕೆ. ಒಂದು ತಿಂಗಳಿಂದ ಸಾರು ಬಾಯಿಗೆ ಇಡೋಕಾಗುತ್ತಿಲ್ಲ. ಅಳತೆ ಹಳೆಯದೇ: ಒಂದೂವರೆ ಲೀಟರ್ ನೀರಿಗೆ 2 ಟೀ ಚಮಚ ಉಪ್ಪು, ಮಸಾಲೆ ರುಬ್ಬುವಾಗ ಇನ್ನೊಂದು. ನಿನ್ನೆ ಎರಡು ಆಲೂಗಡ್ಡೆ ಹಾಕಿ ಕುದಿಸಿದೆ, ಏನೂ ಪ್ರಯೋಜನ ಇಲ್ಲ. ಮಿಕ್ಕ ಕಟ್ಟನ್ನು ಕರಿಬೇವಿನ ಕುಂಡಕ್ಕೆ ಸುರಿಯುತ್ತೇನೆ. ಅದರ ಎಲೆ ತುದಿಯೂ ಕಂದು ತಿರುಗಿದೆ.

ಪುಣೆ ಧಾರವಾಡಿ:
ಅಕ್ಕಾ, ಕಲ್ಲುಪ್ಪೋ ಪುಡಿ ಉಪ್ಪೋ? ಬಸಿದ ಮೇಲೆ ಸಾರನ್ನು ಎಷ್ಟು ಹೊತ್ತು ಕುದಿಸುತ್ತೀರಿ?

ಮುಲುಂಡ್ ಮುದ್ದೆ:
ಈಗ ಪುಡಿ. ಮಳೆ ಹಿಡಿದ ಮೇಲೆ ಡಬ್ಬದ ಕಲ್ಲುಪ್ಪು ಬೆವರಿ ತಳದಲ್ಲಿ ನೀರು ನಿಂತಿತ್ತು, ಅದಕ್ಕೇ ಬದಲಾಯಿಸಿದೆ. ಸಾರು ಅರ್ಧ ಗಂಟೆ ಕುದಿಯುತ್ತೆ, ಗಟ್ಟಿಯಾಗಿದ್ದರೆ ಮುದ್ದೆಗೆ ಚೆನ್ನ ಅಲ್ವಾ.

ಪುಣೆ ಧಾರವಾಡಿ:
ಸಿಕ್ಕಿತು. ಕಲ್ಲುಪ್ಪಿನ ಹರಳುಗಳ ಮಧ್ಯೆ ಸಂದಿ ಇರುತ್ತೆ, ಪುಡಿ ಒತ್ತಾಗಿ ಕೂರುತ್ತೆ. ಅದೇ ಚಮಚದಲ್ಲಿ ಉಪ್ಪು ಜಾಸ್ತಿ ಹೋಗುತ್ತಿದೆ. ಮೇಲೆ ಅರ್ಧ ಗಂಟೆ ಕುದಿಸಿದರೆ ನೀರು ಆವಿಯಾಗುತ್ತೆ, ಉಪ್ಪು ಎಲ್ಲೂ ಹೋಗಲ್ಲ. ಲೀಟರ್ ಕಟ್ಟು ಅರ್ಧ ಲೀಟರಿಗೆ ಇಳಿದರೆ ಉಪ್ಪಿನಂಶ ಎರಡರಷ್ಟು. ಪಲ್ಯಕ್ಕೆ ಕುದಿತ ಇಲ್ಲ, ತೆಂಗಿನತುರಿ ಬೇರೆ ಬೀಳುತ್ತೆ, ಅದಕ್ಕೇ ಅದು ಬಚಾವ್.

ಆಲೂಗಡ್ಡೆ ಉಪ್ಪನ್ನೊಂದೇ ಆರಿಸಿ ಹೀರಲ್ಲ, ಉಪ್ಪುನೀರನ್ನೇ ಹೀರುತ್ತೆ. ಬಟ್ಟಲಲ್ಲಿ ಉಳಿದ ಸಾರು ಇದ್ದ ಹಾಗೇ ಇರುತ್ತೆ. ಈಗಾಗಲೇ ಕೆಟ್ಟಿದ್ದರೆ ಉಪ್ಪಿಲ್ಲದ ನೀರು, ಇನ್ನಷ್ಟು ರುಬ್ಬಿದ ಕಾಯಿ ಸೇರಿಸಿ ಹಿಗ್ಗಿಸಬೇಕು, ಬೇರೆ ದಾರಿ ಇಲ್ಲ.

ನಮ್ಮ ಮನೇಲಿ ಹೋಳಿಗೆ ದಿನ ಕಡಲೆಬೇಳೆ ಬೇಯುವಾಗ ಉಪ್ಪನ್ನೇ ಮುಟ್ಟಲ್ಲ. ಕಟ್ಟಿನ ಸಾರು ಕುದ್ದು ಇಳಿಸುವ ಮುಂಚೆ ಹಾಕುತ್ತೇವೆ. ಇಲ್ಲಿ ಪಕ್ಕದ ಮನೆಯವರ ಕಟಾಚಿ ಆಮಟಿಯೂ (ಮರಾಠಿ ಮನೆಗಳ ಕಟ್ಟಿನ ಸಾರು) ಅದೇ ಲೆಕ್ಕ. ನಿಮಗೆ ಕಾಳಿನೊಳಗೆ ಉಪ್ಪು ಇಳಿಯಬೇಕು, ಹಾಗಾಗಿ ಬೇಯುವಾಗ 1 ಚಮಚ ಸಾಕು. ಮಸಾಲೆಗೆ ಬೇಡ. ಕೊನೆಗೆ ರುಚಿ ನೋಡಿ.

ಚೆಂಬೂರು ಚಿಗಳಿ:
ಬೇಯುವಾಗ ಉಪ್ಪು ಹಾಕಿದರೆ ಕಾಳು ಗಟ್ಟಿಯಾಗಲ್ವಾ? ನೀರೂ ಬೇಗ ಕುದಿಯುತ್ತೆ ಅಂತಾರೆ.

ಪುಣೆ ಧಾರವಾಡಿ:
ಗಟ್ಟಿ ಮಾಡುವುದು ಹುಣಸೆಹುಳಿ, ಮತ್ತೆ ಬೋರ್‌ವೆಲ್ಲಿನ ಗಡಸು ನೀರು. ಉಪ್ಪುನೀರಲ್ಲಿ ನೆನೆಸಿದರೆ ಕಡಲೆಕಾಳಿನ ಸಿಪ್ಪೆ ಇನ್ನೂ ಮೆತ್ತಗಾಗುತ್ತೆ. ಕುದಿಯೋ ವಿಷಯ: ಲೀಟರಿಗೆ 10 ಗ್ರಾಂ ಉಪ್ಪು ಹಾಕಿದರೆ ಕುದಿಬಿಂದು 0.2 ಡಿಗ್ರಿಯೂ ಏರಲ್ಲ. ಗ್ಯಾಸೂ ಉಳಿಯಲ್ಲ, ಹೊತ್ತೂ ಉಳಿಯಲ್ಲ.

ಮಡಗಾಂವ್ ಬಾಲ್ಕನಿ:
ಕರಿಬೇವಿಗೆ ಆ ಕಟ್ಟು ನಿಲ್ಲಿಸಿ. ಕುಂಡದಲ್ಲಿ ಉಪ್ಪು ಸೇರಿಕೊಂಡರೆ ಮಣ್ಣು ಒದ್ದೆ ಇದ್ದರೂ ಬೇರಿಗೆ ನೀರು ಎಳೆಯೋಕೆ ಆಗಲ್ಲ. ತಳದ ತೂತಿಂದ ಧಾರಾಳವಾಗಿ ಹರಿಯುವಷ್ಟು ಬರೀ ನೀರು ಎರಡು ಮೂರು ಸಲ ಹಾಯಿಸಿ. ಅಕ್ಕಿ ತೊಳೆದ ನೀರು, ಉಪ್ಪಿಲ್ಲದ ಬೇಳೆ ನೀರು ತಣ್ಣಗಾದ ಮೇಲೆ ಅವತ್ತೇ ಹಾಕಿ, ಈ ಸೆಕೆಗೆ ಮಾರನೇ ದಿನಕ್ಕೆ ನಾರುತ್ತೆ.

ಮುಲುಂಡ್ ಮುದ್ದೆ:
ಚಮಚ ತೂಗಿ ನೋಡಿದೆ. ಕಲ್ಲುಪ್ಪು 4 ಗ್ರಾಂ, ಪುಡಿ 6! ಮೂರು ಚಮಚಕ್ಕೆ 6 ಗ್ರಾಂ ಸುಮ್ನೆ ಜಾಸ್ತಿ ಬೀಳುತ್ತಿತ್ತು. ಇವತ್ತು ಬೇಯೋಕೆ ಒಂದೇ ಚಮಚ, ಕೊನೆಗೆ ಒಂದು ಚಿಟಿಕೆ. ಮನೆಯವರು ಎರಡನೇ ಮುದ್ದೆ ಕೇಳಿದರು. ಕರಿಬೇವು ಮಾತ್ರ ಇನ್ನೂ ಮುನಿಸಿಕೊಂಡೇ ಇದೆ, ಚಿಗುರು ಬಂದರೆ ಫೋಟೊ ಹಾಕುತ್ತೇನೆ.