ಅಪ್‌ಡೇಟ್: ಮನೆ ಕಿಟ್‌ನ ಡಿಎನ್‌ಎ ವರದಿ ಮತ್ತು ಜೀವನಾಂಶ
ಮನೆಯಲ್ಲೇ ಮಾಡಿದ ಡಿಎನ್‌ಎ ಪರೀಕ್ಷೆಯ ವರದಿ ತೋರಿಸಿ ಮಗುವಿನ ಜೀವನಾಂಶ ನಿಲ್ಲಿಸಬಹುದೇ ಎಂದು ಕೇಳಿದ್ದೆ. ಆಗುವುದಿಲ್ಲ. ಮಾದರಿ ತೆಗೆಯುವ ಹತ್ತಿಕಡ್ಡಿ ಯಾರ ಬಾಯಿಗೆ ಹೋಗಿತ್ತು ಎಂಬುದಕ್ಕೇ ಅಲ್ಲಿ ಸಾಕ್ಷಿ ಇರುವುದಿಲ್ಲ.

ಕೋರ್ಟಿಗೆ ಸಲ್ಲುವ ಪರೀಕ್ಷೆಯಲ್ಲಿ ಸಂಬಂಧವಿಲ್ಲದ ಮೂರನೆಯವರು ಗುರುತಿನ ಚೀಟಿ ನೋಡಿ, ಕೆನ್ನೆಯ ಒಳಭಾಗಕ್ಕೆ ಹತ್ತಿಕಡ್ಡಿ ಉಜ್ಜಿ, ಒಣಗಿಸಿ, ಕಾಗದದ ಲಕೋಟೆಗೆ ಹಾಕಿ ಸೀಲ್ ಮಾಡಿ ಸಹಿ ಹಾಕಿಸುತ್ತಾರೆ. ಪ್ಲಾಸ್ಟಿಕ್ ಚೀಲ ಬೇಡವೇ ಬೇಡ. ಒಳಗೆ ತೇವ ಉಳಿದರೆ ಬ್ಯಾಕ್ಟೀರಿಯಾ ಬೆಳೆದು ಮಾದರಿ ಕೆಡುತ್ತದೆ. ಮಗುವಿಗೂ ತಂದೆಗೂ ಹೋಲಿಸಿ ನೋಡುವ ಸುಮಾರು 20 ಡಿಎನ್‌ಎ ಗುರುತುಗಳಲ್ಲಿ ಒಂದೇ ಒಂದು ಹೊಂದದಿದ್ದರೆ ತಂದೆಯಲ್ಲ ಎಂದು ತೀರ್ಮಾನಿಸುವಂತಿಲ್ಲ, ಅದು ಮ್ಯುಟೇಶನ್ (ಡಿಎನ್‌ಎಯಲ್ಲಿ ತಾನಾಗಿಯೇ ಆಗುವ ಬದಲಾವಣೆ) ಇರಬಹುದು.

ಮುಖ್ಯವಾಗಿ, ಜೀವನಾಂಶದ ಕೋರ್ಟ್ ಆದೇಶ ಬದಲಾಗುವವರೆಗೆ ಹಣ ಕಟ್ಟುತ್ತಲೇ ಇರಬೇಕು. ಅನುಮಾನದ ಮೇಲೆ ಬಿಟ್ಟ ಕಂತುಗಳು ಬಾಕಿಯಾಗಿ ಬೆಳೆಯುತ್ತವೆ, ಮಗುವಿನ ಖರ್ಚಂತೂ ವರದಿಗಾಗಿ ಕಾಯುವುದಿಲ್ಲ.