ಹಳ್ಳಿ ಠಾಣೆಯ ಸಾಕ್ಷ್ಯಚಿತ್ರ: ಇಲಾಖೆಯ ಅನುಮತಿಯೊಂದೇ ಸಾಕೆ?

ಪ್ರಶ್ನೆ (ದಾವಣಗೆರೆಯಿಂದ):
ಚಳ್ಳಕೆರೆ, ಮೊಳಕಾಲ್ಮುರು ಕಡೆಯ ಒಂದು ಗ್ರಾಮಾಂತರ ಠಾಣೆಯ ದಿನಚರಿಯನ್ನು ಸಾಕ್ಷ್ಯಚಿತ್ರವಾಗಿಸಲು ನಾವು ಕೆಲವು ಗೆಳೆಯರು ಸಿದ್ಧತೆ ನಡೆಸಿದ್ದೇವೆ. ಕೊಲೆ, ದರೋಡೆಗಳಿಗಿಂತ ಬದುವಿನ ತಕರಾರು, ಕುರಿ ಕಳವು, ಜಾತ್ರೆಯ ಬಂದೋಬಸ್ತ್, ರಾತ್ರಿ ಗಸ್ತು ಇವೇ ನಮ್ಮ ವಸ್ತು. ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗಳ ಲಿಖಿತ ಅನುಮತಿ ದೊರೆತರೆ, ಠಾಣೆಯೊಳಗೂ ಬೀಟ್ ಸಿಬ್ಬಂದಿಯೊಂದಿಗೆ ಹಟ್ಟಿಗಳಲ್ಲೂ ಚಿತ್ರೀಕರಿಸಲು ಅಷ್ಟು ಸಾಕಾಗುತ್ತದೆಯೇ?

ಉತ್ತರ (ವಕೀಲರು, ಚಿತ್ರದುರ್ಗ):
ಸಾಕಾಗುವುದಿಲ್ಲ. ಲೈಂಗಿಕ ಅಪರಾಧಗಳ ಸಂತ್ರಸ್ತರ ಗುರುತು ಬಯಲಾಗುವುದನ್ನು ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಂ ನಿರ್ಬಂಧಿಸುತ್ತದೆ. ಮಕ್ಕಳ ವಿಷಯದಲ್ಲಿ 2012ರ ಪೋಕ್ಸೋ ಕಾಯ್ದೆಯ 23ನೇ ಕಲಂ ಹೆಸರು, ಭಾವಚಿತ್ರಗಳಷ್ಟೇ ಅಲ್ಲದೆ ಕುಟುಂಬ, ಶಾಲೆ, ನೆರೆಹೊರೆಯ ವಿವರಗಳನ್ನೂ ಮಾಧ್ಯಮದಲ್ಲಿ ಪ್ರಕಟಿಸಬಾರದೆನ್ನುತ್ತದೆ. ನಲವತ್ತು ಮನೆಗಳ ಹಟ್ಟಿಯಲ್ಲಿ ಮುಖ ಮಸುಕುಗೊಳಿಸಿ ಪ್ರಯೋಜನವೇನು? ಮನೆಯ ಜಗಲಿಯೋ ತಂದೆಯ ದನಿಯೋ ಎಲ್ಲವನ್ನೂ ಹೇಳಿಬಿಡುತ್ತದೆ. ಅಂತಹ ಪ್ರಕರಣಗಳನ್ನು ಮುಟ್ಟದಿರುವುದೇ ಲೇಸು. ಹಾಗೆಯೇ, ಸಾಕ್ಷಿಗಳು ಹಲವರ ನಡುವೆ ನಿಂತ ಆರೋಪಿಯನ್ನು ಗುರುತಿಸುವ ಗುರುತು ಪತ್ತೆ ಪರೇಡ್‌ಗೆ ಮುನ್ನ ಆರೋಪಿಯ ಮುಖ ಪರದೆಯ ಮೇಲೆ ಬಂದರೆ, ಆ ಪರೇಡಿನ ಬೆಲೆಯೇ ಕುಸಿಯುತ್ತದೆ.

ಉತ್ತರ (ಸಾಕ್ಷ್ಯಚಿತ್ರ ಛಾಯಾಗ್ರಾಹಕರು, ಹಿರಿಯೂರು):
ಕಾನೂನಿನ ಮಾತು ಸರಿ, ಆದರೆ ಕಷ್ಟ ಅಲ್ಲಿಗೆ ಮುಗಿಯುವುದಿಲ್ಲ. ಇಲಾಖೆಯ ಜೀಪಿನಿಂದ ಇಳಿದವರನ್ನು ಜನ ಪೊಲೀಸರೆಂದೇ ಎಣಿಸುತ್ತಾರೆ. ದಫೇದಾರರ ಎದುರು "ಆಗಲಿ ಸ್ವಾಮಿ" ಎಂದದ್ದನ್ನು ಒಪ್ಪಿಗೆಯೆಂದು ಬರೆದುಕೊಳ್ಳಬೇಡಿ. ಬೇರೊಂದು ದಿನ ಬಸ್ಸಿನಲ್ಲಿ, ಕ್ಯಾಮೆರಾ ಇಲ್ಲದೆ ಹೋಗಿ ಕೇಳಿರಿ. ಗಡಿಯ ಊರುಗಳಲ್ಲಿ ತೆಲುಗು ಬಲ್ಲವರೊಬ್ಬರು ಜೊತೆಗಿರಲಿ. ಠಾಣೆಯೊಳಗೆ ನಿಮಗೆ ನಿಜವಾಗಿ ಬೇಕಾದದ್ದು ಅರ್ಜಿ ವಿಚಾರಣೆ: ಎರಡು ಕಡೆಯವರೂ ಪಹಣಿಯ ನಕಲು ಹಿಡಿದು ನಿಂತಿರುತ್ತಾರೆ, ರೈಟರ್ ಬರೆಯುತ್ತಲೇ ಇರುತ್ತಾರೆ, ಪಿಎಸ್‌ಐ ಅರ್ಧ ಗದರಿಸಿ ಅರ್ಧ ಸಮಾಧಾನಪಡಿಸಿ ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗಿ ಎನ್ನುತ್ತಾರೆ. ಮೊದಲ ಕೆಲವು ದಿನ ಕ್ಯಾಮೆರಾ ಕಂಡೊಡನೆ ದೂರುದಾರನಿಗೆ ಕುರ್ಚಿ ಬರುತ್ತದೆ, ಚಹಾ ಕೂಡ. ಆ ಕುರ್ಚಿ ಮಾಯವಾದ ಮೇಲೆಯೇ ನಿಮ್ಮ ಚಿತ್ರೀಕರಣ ಆರಂಭವಾಯಿತೆಂದು ತಿಳಿಯಿರಿ.

ಉತ್ತರ (ನಿವೃತ್ತ ಹೆಡ್ ಕಾನ್‌ಸ್ಟೆಬಲ್, ಜಗಳೂರು):
ಸಿಬ್ಬಂದಿಯ ಒಪ್ಪಿಗೆಯನ್ನು ಯಾರೂ ಪ್ರಸ್ತಾಪಿಸಲಿಲ್ಲ. ಮೇಲಿನವರು ಸರಿ ಎಂದ ಮೇಲೆ ಪೇದೆ ಒಲ್ಲೆ ಎನ್ನಲಾರ. ಅವನನ್ನೂ ಪ್ರತ್ಯೇಕವಾಗಿ ಕೇಳಿರಿ. ಇನ್ನೊಂದು ಮಾತು: ಬೀಟ್ ಪೇದೆ ಚಹಾದಂಗಡಿಯಲ್ಲಿ ಯಾರೊಂದಿಗೆ ಹರಟುತ್ತಾನೆಂಬುದನ್ನು ದಯವಿಟ್ಟು ತೋರಿಸಬೇಡಿ. ಇಸ್ಪೀಟು, ಅಕ್ರಮ ಮದ್ಯದ ಸುಳಿವು ಬರುವುದು ಅಂತಹ ಮಾತುಗಳಲ್ಲೇ. ಚಿತ್ರ ನೋಡಿದ ಊರವರು ಬಾತ್ಮೀದಾರ ಯಾರೆಂದು ಊಹಿಸಿದರೆ, ಅವನು ನಿರಪರಾಧಿಯಾಗಿದ್ದರೂ ಆ ಊರಿನಲ್ಲಿ ಬಾಳುವುದು ಕಷ್ಟ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದಗಳು. ಸಂಕಲನದ ನಂತರ ಇಲಾಖೆಗೆ ಚಿತ್ರ ತೋರಿಸಬೇಕೆಂಬ ಷರತ್ತು ಬಂದರೆ ಒಪ್ಪಬಹುದೇ?

ಛಾಯಾಗ್ರಾಹಕರು:
ತನಿಖೆಗೆ ಧಕ್ಕೆ, ಗುರುತಿನ ಗೋಪ್ಯತೆ, ವಾಸ್ತವಾಂಶದ ದೋಷ ಈ ಮೂರಕ್ಕೆ ಮಾತ್ರ ಆಕ್ಷೇಪಣೆ ಸೀಮಿತವೆಂದು ಮೊದಲೇ ಬರಹದಲ್ಲಿ ಪಡೆದರೆ ಒಪ್ಪಬಹುದು. ಆದರೆ ಅದೇ ಪ್ರತಿಯನ್ನು ಹಟ್ಟಿಯವರಿಗೂ ತೋರಿಸಿರಿ, ಸಾಧ್ಯವಾದರೆ ಅವರಿಗೇ ಮೊದಲು.