ಅನ್ಯಗ್ರಹದವರು ಬಂದಾಗ ಊರು ಒಡೆಯುವುದೇಕೆ? ಬರೆದವರ ಅನುಭವ ಬೇಕು

ಕೋರಿಕೆ:
ನಾನು ಬರೆಯುತ್ತಿರುವ ವೈಜ್ಞಾನಿಕ ಕಾದಂಬರಿಯಲ್ಲಿ ಅನ್ಯಗ್ರಹದವರು ಗೌರಿಬಿದನೂರಿನ ಬಳಿ ಬಂದಿಳಿಯುತ್ತಾರೆ. ಊರು ಅವರನ್ನು ಒಪ್ಪುವವರು, ಒಪ್ಪದವರು ಎಂದು ಎರಡಾಗಿ, ಪ್ರೇಮಿಗಳಿಬ್ಬರು ಒಬ್ಬೊಬ್ಬರು ಒಂದೊಂದು ಕಡೆ ಉಳಿಯುತ್ತಾರೆ. ಹಸ್ತಪ್ರತಿ ಓದಿದ ಗೆಳೆಯರು, ಊರು ಒಡೆದದ್ದನ್ನು ನಂಬಲಾಗುತ್ತಿಲ್ಲ ಎನ್ನುತ್ತಿದ್ದಾರೆ. ಇಂಥ ಕಥೆಯನ್ನು ಬರೆದವರು ದಯವಿಟ್ಟು ದಾರಿ ತೋರಿಸಬೇಕು.

ಮೊದಲ ಉತ್ತರ:
ನಾನೂ ಚಿಕ್ಕಬಳ್ಳಾಪುರ ಜಿಲ್ಲೆಯವಳೇ. ನನ್ನ ಇಂಥದೇ ನೀಳ್ಗತೆಯೊಂದು ಮಾಸಪತ್ರಿಕೆಯಿಂದ ಹಿಂದಕ್ಕೆ ಬಂದಿತ್ತು, ಮತ್ತು ಅದು ನ್ಯಾಯವಾಗಿಯೇ ಇತ್ತು. ಬಂದವರ ಮೈಬಣ್ಣ, ನೌಕೆ, ಭಾಷೆಗಳಿಗೆ ಪುಟಗಟ್ಟಲೆ ಕೊಟ್ಟ ನಾನು, ಅವರು ಬಂದದ್ದರಿಂದ ಯಾರ ಮನೆಗೆ ಏನು ಬಂತು, ಯಾರ ಮನೆಯಿಂದ ಏನು ಹೋಯಿತು ಎಂಬುದನ್ನು ಬರೆದೇ ಇರಲಿಲ್ಲ. ಹೊಸಬರ ಬಗೆಗಿನ ಅಭಿಪ್ರಾಯಭೇದವೊಂದರಿಂದಲೇ ಊರು ಒಡೆಯುವುದಿಲ್ಲ.

ನೀವು ಆರಿಸಿಕೊಂಡ ಸ್ಥಳದಲ್ಲಿಯೇ ಇದಕ್ಕೆ ಉತ್ತರವಿದೆ. ನಮ್ಮಲ್ಲಿ ಕೊಳವೆಬಾವಿ ಸಾವಿರ ಅಡಿ ದಾಟಿದರೂ ನೀರು ಸಿಗುವ ಭರವಸೆಯಿಲ್ಲ, ಸಿಕ್ಕ ನೀರಿನಲ್ಲಿ ಎಷ್ಟೋ ಕಡೆ ಫ್ಲೋರೈಡ್ ಇರುತ್ತದೆ. ಬೆಂಗಳೂರಿನ ಕೊಳಚೆ ನೀರನ್ನು ಎರಡು ಹಂತಗಳಲ್ಲಿ ಶುದ್ಧೀಕರಿಸಿ ನಮ್ಮ ಕೆರೆಗಳಿಗೆ ಹರಿಸುವ ಎಚ್.ಎನ್. (ಹೆಬ್ಬಾಳ-ನಾಗವಾರ) ವ್ಯಾಲಿ ಯೋಜನೆ ಬಂದಾಗ, ಕೆರೆ ತುಂಬಿದರೆ ಅಂತರ್ಜಲ ಏರುತ್ತದೆಂದು ಸಂತೋಷಪಟ್ಟವರಿದ್ದರು. ಮೂರನೆಯ ಹಂತದ ಶುದ್ಧೀಕರಣವಿಲ್ಲದ ನೀರು ನೆಲಕ್ಕಿಳಿದರೆ ಮುಂದಿನವರ ಗತಿಯೇನೆಂದು ಕೇಳಿದವರೂ ಇದ್ದರು. ಇಬ್ಬರದೂ ನಿಜವಾದ ಕಾಳಜಿಯೇ ಆಗಿತ್ತು. ನಿಮ್ಮ ಅತಿಥಿಗಳು ಕೂಡ ನೀರನ್ನೇ ತರಲಿ ಎಂದು ನನಗನ್ನಿಸುತ್ತದೆ. ಬತ್ತಿಹೋದ ಉತ್ತರ ಪಿನಾಕಿನಿ ನದಿಯಲ್ಲಿ ಅವರು ನೀರು ಹರಿಸಲಿ, ಆ ನೀರಿನಲ್ಲಿ ಏನಿದೆಯೆಂದು ಯಾರಿಗೂ ಖಚಿತವಾಗಿ ತಿಳಿಯದಿರಲಿ. ಆಗ ಪ್ರೇಮಿಗಳು ಸಿದ್ಧಾಂತ ಹಿಡಿದು ವಾದಿಸಬೇಕಾಗಿಲ್ಲ. ಹೊಲ ಒಣಗಿಸಿಕೊಂಡ ಮನೆಯ ಹುಡುಗ ಆ ನೀರನ್ನು ಬೊಗಸೆಯಲ್ಲಿ ಕುಡಿಯುತ್ತಾನೆ, ಹುಡುಗಿ ಶುದ್ಧ ನೀರಿನ ಘಟಕದ ಮುಂದೆ ಕ್ಯಾನ್ ಹಿಡಿದು ನಿಂತಿರುತ್ತಾಳೆ. ಮದುವೆಯಾದರೆ ಅಡುಗೆಗೆ ಯಾವ ನೀರು ಎಂಬ ಪ್ರಶ್ನೆಯೇ ಅವರ ನಡುವೆ ಬರಲಿ. ನಾನು ಕಥೆಯನ್ನು ಎರಡನೆಯ ಬಾರಿ ಬರೆದಾಗ ಮಾಡಿದ್ದು ಇಷ್ಟೇ. ಯಾರನ್ನೂ ಮೂರ್ಖರನ್ನಾಗಿ ಚಿತ್ರಿಸಲಿಲ್ಲ, ಎರಡೂ ಮನೆಗಳ ಹಿರಿಯರಿಗೆ ಸಮನಾದ ಮರ್ಯಾದೆ ಕೊಟ್ಟೆ.

ಎರಡನೆಯ ಉತ್ತರ:
ಮೇಡಂ ಹೇಳಿದ್ದನ್ನು ಪೂರ್ತಿ ಒಪ್ಪುತ್ತೇನೆ. ಭೌತಶಾಸ್ತ್ರ ಕಲಿಸುವವನಾಗಿ ಒಂದು ಮಾತು ಸೇರಿಸುತ್ತೇನೆ. ಗೌರಿಬಿದನೂರಿನಲ್ಲಿ 1976ರಿಂದ ರೇಡಿಯೋ ವೀಕ್ಷಣಾಲಯವಿದೆ, 34.5 ಮೆಗಾಹರ್ಟ್ಸ್‌ನಲ್ಲಿ ಆಕಾಶದ ರೇಡಿಯೋ ಅಲೆಗಳನ್ನು ಆಲಿಸಲೆಂದು ಅಲ್ಲಿ ಸಾವಿರ ಆಂಟೆನಾಗಳನ್ನು ಇಂಗ್ಲಿಷಿನ ಟೀ ಅಕ್ಷರದ ಆಕಾರದಲ್ಲಿ ನಿಲ್ಲಿಸಿದ್ದರು. ಅದು ಕೇಳಿಸಿಕೊಳ್ಳುವ ಯಂತ್ರವೇ ಹೊರತು ಮಾತನಾಡುವ ಯಂತ್ರವಲ್ಲ. ನಾಯಕಿ ಅಲ್ಲಿ ಕೆಲಸ ಮಾಡಲಿ, ಅತಿಥಿಗಳ ಸಂಕೇತವನ್ನು ಅವಳೇ ಮೊದಲು ಹಿಡಿಯಲಿ. ಇಂಥ ಸಂಕೇತ ಸಿಕ್ಕರೆ ಮೊದಲು ಇತರರಿಂದ ದೃಢಪಡಿಸಿಕೊಳ್ಳಬೇಕು, ಅಂತರರಾಷ್ಟ್ರೀಯ ಸಮಾಲೋಚನೆಯಿಲ್ಲದೆ ಉತ್ತರ ಕಳಿಸಬಾರದು ಎಂಬ ಒಡಂಬಡಿಕೆಯನ್ನು ವಿಜ್ಞಾನಿಗಳು 1989ರಲ್ಲಿಯೇ ರೂಪಿಸಿಕೊಂಡಿದ್ದಾರೆ. ಹಾಗಾಗಿ ದೃಢಪಡುವವರೆಗೆ ಅವಳು ಬಾಯಿ ಬಿಡುವಂತಿಲ್ಲ, ತನ್ನವನ ಮುಂದೆಯೂ. ನೌಕೆ ಇಳಿದ ದಿನ, ಇವಳಿಗೆ ಮೊದಲೇ ಗೊತ್ತಿತ್ತೆಂದು ಅವನಿಗೆ ತಿಳಿದರೆ, ಊರು ಒಡೆಯುವ ಮೊದಲೇ ಅವರಿಬ್ಬರ ನಡುವೆ ಬಿರುಕು ಬಿಟ್ಟಿರುತ್ತದೆ.

ಉತ್ತರ ಕಳಿಸಬೇಕೇ ಬೇಡವೇ ಎಂಬ ವಿಷಯದಲ್ಲಿ ವಿಜ್ಞಾನಿಗಳಲ್ಲಿಯೂ ಎರಡು ಪಕ್ಷಗಳಿವೆ. 1974ರಲ್ಲಿ ಪೋರ್ಟೊ ರಿಕೊದ ಅರೆಸಿಬೋ ರೇಡಿಯೋ ದೂರದರ್ಶಕದಿಂದ ದೂರದ ನಕ್ಷತ್ರಗುಚ್ಛವೊಂದಕ್ಕೆ ಸಂದೇಶ ಹೋಯಿತು. ಯಾರನ್ನು ಕೇಳಿ ಕಳಿಸಿದಿರಿ ಎಂಬ ಆಕ್ಷೇಪಣೆ ಆಗಲೇ ಎದ್ದಿತ್ತು. 1977ರ ವಾಯೇಜರ್ ಬಾಹ್ಯಾಕಾಶ ನೌಕೆಗಳಲ್ಲಿ ಅನ್ಯಗ್ರಹದವರಿಗೆಂದು ಇಟ್ಟ ಧ್ವನಿಮುದ್ರಿಕೆಯಲ್ಲಿ 55 ಭಾಷೆಗಳ ಶುಭಾಶಯಗಳಿವೆ, ಕನ್ನಡವೂ ಅವುಗಳಲ್ಲೊಂದು. ಬಂದವರು ಊರಿನವರೊಡನೆ ಆಡುವ ಮೊದಲ ಮಾತು ಆ ಕನ್ನಡ ಶುಭಾಶಯವೇ ಆಗಿದ್ದರೆ, ಅದನ್ನು ಕೇಳಿ ಕಣ್ತುಂಬಿಕೊಳ್ಳುವವರೂ ಹೆದರಿ ಬಾಗಿಲು ಹಾಕಿಕೊಳ್ಳುವವರೂ ಒಂದೇ ಮನೆಯಲ್ಲಿರಬಹುದು. ಆ ಅಧ್ಯಾಯವನ್ನು ಬರೆದಾಗ ಖಂಡಿತ ಕಳಿಸಿ, ಓದಲು ಕಾಯುತ್ತೇನೆ.